200 ರೂಪಾಯಿಯ ದಾವೆ, 12 ವರ್ಷದ ಗಡುವು: ಎಣಿಕೆ ಎಂದಿನಿಂದ?

ಒಟ್ಟು ಕುಟುಂಬದ ಆಸ್ತಿಯಲ್ಲಿ ಪಾಲು ಕೇಳುವ ದಾವೆಗೆ ಕರ್ನಾಟಕದ ಕಾನೂನು ಗೊತ್ತುಮಾಡಿದ ಅತಿ ಹೆಚ್ಚಿನ ನಿಶ್ಚಿತ ಶುಲ್ಕ 200 ರೂಪಾಯಿ. 1958ರ ಕರ್ನಾಟಕ ನ್ಯಾಯಾಲಯ ಶುಲ್ಕ ಮತ್ತು ದಾವೆಗಳ ಮೌಲ್ಯಮಾಪನ ಕಾಯ್ದೆಯ 35(2)ನೇ ಕಲಮಿನಲ್ಲಿ ನಾಲ್ಕು ಹಂತಗಳಿವೆ. ವಾದಿಯ ಪಾಲಿನ ಬೆಲೆ 3,000 ರೂಪಾಯಿಯೊಳಗಿದ್ದರೆ ಶುಲ್ಕ 15 ರೂಪಾಯಿ, 5,000ದವರೆಗೆ 30, 10,000ದವರೆಗೆ 100, ಅದಕ್ಕೆ ಮೇಲ್ಪಟ್ಟರೆ 200. ಪಾಲು 11,000 ರೂಪಾಯಿಯದ್ದಾದರೂ 11 ಕೋಟಿಯದ್ದಾದರೂ ಕೊನೆಯ ಹಂತದ ಮೊತ್ತ ಬದಲಾಗುವುದಿಲ್ಲ.

ಅದೇ ಕಲಮಿನ ಮೊದಲ ಉಪಕಲಮು ಬೇರೆ ಲೆಕ್ಕ ಹೇಳುತ್ತದೆ. ವಾದಿಯನ್ನು ಆಸ್ತಿಯ ಸ್ವಾಧೀನದಿಂದ ಹೊರಗಿಟ್ಟಿದ್ದರೆ ಆತ ತನ್ನ ಪಾಲಿನ ಮಾರುಕಟ್ಟೆ ಬೆಲೆಯ ಮೇಲೆ ಶುಲ್ಕ ಕಟ್ಟಬೇಕು. ಮೊದಲ 15,000ಕ್ಕೆ ಶೇ 2.5, ಅಲ್ಲಿಂದ 75,000ದವರೆಗೆ ಶೇ 7.5, ಎರಡೂವರೆ ಲಕ್ಷದವರೆಗೆ ಶೇ 7, ಐದು ಲಕ್ಷದವರೆಗೆ ಶೇ 6.5. ಐದು ಲಕ್ಷದ ಪಾಲಿಗೆ ಇವೆಲ್ಲ ಕೂಡಿ 33,375 ರೂಪಾಯಿ ಆಗುತ್ತದೆ. 200 ರೂಪಾಯಿಗೆ ಹೋಲಿಸಿದರೆ ಸುಮಾರು 167 ಪಟ್ಟು.

ಎರಡು ಮೊತ್ತಗಳ ನಡುವಿನ ವ್ಯತ್ಯಾಸ 33,175 ರೂಪಾಯಿ. ಇದನ್ನು ನಿರ್ಧರಿಸುವುದು ವಾದಪತ್ರದಲ್ಲಿನ ಒಂದು ವಾಕ್ಯ: ‘ಆಸ್ತಿಯು ವಾದಿ ಮತ್ತು ಪ್ರತಿವಾದಿಗಳ ಜಂಟಿ ಸ್ವಾಧೀನದಲ್ಲಿದೆ’. ಶುಲ್ಕದ ಪ್ರಶ್ನೆಯಲ್ಲಿ ನ್ಯಾಯಾಲಯ ಮೊದಲು ನೋಡುವುದು ವಾದಪತ್ರದ ಹೇಳಿಕೆಯನ್ನೇ. ಮದುವೆಯಾಗಿ ಬೇರೆ ಜಿಲ್ಲೆಯಲ್ಲಿರುವ ಮಗಳು, 30 ವರ್ಷದಿಂದ ಬೆಂಗಳೂರಿನಲ್ಲಿರುವ ಮಗ, ಇಬ್ಬರ ವಾದಪತ್ರದಲ್ಲೂ ಈ ವಾಕ್ಯ ಇರುತ್ತದೆ. ಇದರಿಂದ ಉಳಿಯುವುದು ಶುಲ್ಕವಷ್ಟೇ ಅಲ್ಲ. ಕಾಲಮಿತಿಯ ಗಡಿಯಾರವೂ ಇದೇ ವಾಕ್ಯದಿಂದ ನಿಂತಿರುತ್ತದೆ. ಈ ವರದಿಯ ಮುಖ್ಯ ವಿಷಯ ಆ ಎರಡನೆಯ ಪರಿಣಾಮ.

1963ರ ಕಾಲಮಿತಿ ಕಾಯ್ದೆ 1964ರ ಜನವರಿ 1ರಿಂದ ಜಾರಿಯಲ್ಲಿದೆ. ಯಾವ ಹಕ್ಕಿಗಾಗಿ ಎಷ್ಟು ಸಮಯದೊಳಗೆ ನ್ಯಾಯಾಲಯಕ್ಕೆ ಬರಬೇಕು ಎಂಬುದನ್ನು ಅದರ ಅನುಸೂಚಿ 137 ಅನುಚ್ಛೇದಗಳಲ್ಲಿ ಹೇಳುತ್ತದೆ. ಕುಟುಂಬದ ಆಸ್ತಿ ವ್ಯಾಜ್ಯದಲ್ಲಿ ಪದೇ ಪದೇ ಬರುವುದು ಎರಡೇ ಸಂಖ್ಯೆ: 3 ಮತ್ತು 12. ಕ್ರಯಪತ್ರ ಅಥವಾ ಹಕ್ಕು ಬಿಡುಗಡೆ ಪತ್ರವನ್ನು ರದ್ದುಪಡಿಸಬೇಕಾದರೆ, ರದ್ದತಿಗೆ ಕಾರಣವಾಗುವ ಸಂಗತಿ ತಿಳಿದ ದಿನದಿಂದ 3 ವರ್ಷ (ಅನುಚ್ಛೇದ 59). ಹಕ್ಕು ಘೋಷಣೆಗೆ 3 ವರ್ಷ (58). ತಂದೆ ಮಾಡಿದ ಪಿತ್ರಾರ್ಜಿತ ಆಸ್ತಿಯ ಪರಭಾರೆಯನ್ನು ಪ್ರಶ್ನಿಸಲು, ಕೊಂಡವನು ಸ್ವಾಧೀನ ಪಡೆದ ದಿನದಿಂದ 12 ವರ್ಷ (109). ಒಟ್ಟು ಕುಟುಂಬದ ಆಸ್ತಿಯಿಂದ ಹೊರಗಿಡಲ್ಪಟ್ಟವನು ತನ್ನ ಪಾಲು ಕೇಳಲು 12 ವರ್ಷ (110).

ಕೊನೆಯ ಈ 12 ವರ್ಷ ಶುರುವಾಗುವುದು ಹೊರಗಿಟ್ಟ ದಿನದಿಂದಲ್ಲ, ಹೊರಗಿಟ್ಟಿರುವುದು ವಾದಿಗೆ ತಿಳಿದ ದಿನದಿಂದ. ತಿಳಿದ ದಿನ ಯಾವುದು? ತನ್ನ ಪಾಲು ಕೇಳಿ ನಿರಾಕರಣೆಯ ಉತ್ತರ ಬಂದ ದಿನ ಎಂದು ವಾದಪತ್ರ ಹೇಳುತ್ತದೆ. ಆ ದಿನ ಸಾಮಾನ್ಯವಾಗಿ ದಾವೆಗೆ ಕೆಲವೇ ತಿಂಗಳು ಹಿಂದಿನದು. ಜೊತೆಗೆ 1956ರಲ್ಲೇ ಸುಪ್ರೀಂ ಕೋರ್ಟ್ ಹೇಳಿದಂತೆ, ಒಬ್ಬ ಸಹಪಾಲುದಾರನ ಸ್ವಾಧೀನ ಎಲ್ಲರ ಸ್ವಾಧೀನ. ಉಳಿದವರ ಹಕ್ಕನ್ನು ಅವರಿಗೆ ತಿಳಿಯುವಂತೆ ಬಹಿರಂಗವಾಗಿ ನಿರಾಕರಿಸಿ ಸ್ವಾಧೀನ ಮುಂದುವರಿಸಿದರೆ ಮಾತ್ರ ಅದು ಪ್ರತಿಕೂಲ ಸ್ವಾಧೀನ. ಅಣ್ಣ 40 ವರ್ಷ ಒಬ್ಬನೇ ಉತ್ತಿದ್ದಾನೆ, ಪಹಣಿಯಲ್ಲಿ ಅವನೊಬ್ಬನ ಹೆಸರಿದೆ ಎಂಬಷ್ಟರಿಂದಲೇ ತಮ್ಮ–ತಂಗಿಯರ 12 ವರ್ಷ ಮುಗಿಯುವುದಿಲ್ಲ. ಈ ನಿಯಮ ಇಲ್ಲದಿದ್ದರೆ ಊರು ಬಿಟ್ಟವರು, ಮದುವೆಯಾಗಿ ಹೋದವರು ಸುಮ್ಮನಿದ್ದುದಕ್ಕೇ ಹಕ್ಕು ಕಳೆದುಕೊಳ್ಳುತ್ತಿದ್ದರು. ನಿಯಮ ಇರುವುದರಿಂದ ಗಡುವಿನ ಆರಂಭದ ದಿನಾಂಕ ಸಾಕ್ಷ್ಯದ ವಿಷಯವಾಗುತ್ತದೆ, ಸಾಕ್ಷ್ಯ ಎಂದರೆ ಪೂರ್ಣ ವಿಚಾರಣೆ.

ಗಡುವಿನ ಈ ಹಿಗ್ಗುವಿಕೆಗೆ ಮಿತಿ ಎಲ್ಲಿದೆ ಎಂಬುದಕ್ಕೆ ಬೆಂಗಳೂರಿನ ಒಂದು ಪ್ರಕರಣ ಉದಾಹರಣೆ. ಕುಟುಂಬದಲ್ಲಿ 1968ರಲ್ಲಿ ಬಾಯಿಮಾತಿನ ಪಾಲು ಆಗಿತ್ತು, ಕಂದಾಯ ದಾಖಲೆಗಳೂ ಅದರಂತೆ ಬದಲಾಗಿದ್ದವು. 1978ರಲ್ಲಿ ನೋಂದಾಯಿತ ಕ್ರಯಪತ್ರಗಳಾದವು. ಪಾಲು ಕೇಳಿ ದಾವೆ ಬಂದದ್ದು 2023ರಲ್ಲಿ: ಪಾಲಾಗಿ 55 ವರ್ಷ, ಕ್ರಯವಾಗಿ 45 ವರ್ಷ. 12 ವರ್ಷದ ಗಡುವು 55 ವರ್ಷದಲ್ಲಿ ನಾಲ್ಕು ಬಾರಿ ಮುಗಿದು ಮತ್ತೂ 7 ವರ್ಷ ಉಳಿಯುತ್ತದೆ. ವಿಚಾರಣಾ ನ್ಯಾಯಾಲಯ ವಾದಪತ್ರವನ್ನೇ ತಿರಸ್ಕರಿಸಿತು. ಹೈಕೋರ್ಟ್ ಅದನ್ನು ಬದಲಿಸಿ ವಿಚಾರಣೆ ನಡೆಯಲಿ ಎಂದಿತು. 2025ರ ಏಪ್ರಿಲ್ 2ರಂದು ಸುಪ್ರೀಂ ಕೋರ್ಟ್ ತಿರಸ್ಕಾರವನ್ನೇ ಎತ್ತಿಹಿಡಿಯಿತು.

ಸುಪ್ರೀಂ ಕೋರ್ಟ್ ಆಧರಿಸಿದ್ದು ನೋಂದಣಿಯನ್ನು. 1882ರ ಸ್ವತ್ತು ವರ್ಗಾವಣೆ ಕಾಯ್ದೆಯ 3ನೇ ಕಲಮಿನಂತೆ ನೋಂದಣಿಯಾದ ಪತ್ರ ಸಂಬಂಧಪಟ್ಟವರೆಲ್ಲರಿಗೂ ಕೊಟ್ಟ ತಿಳಿವಳಿಕೆ ಎಂದೇ ಲೆಕ್ಕ. ಹಾಗಾಗಿ ‘ನನಗೆ ತಿಳಿದದ್ದು ಮೊನ್ನೆ’ ಎಂಬ ವಾಕ್ಯಕ್ಕೆ 1978ರ ಮುಂದೆ ಬೆಲೆ ಇರಲಿಲ್ಲ. ಹಣದ ಲೆಕ್ಕದಲ್ಲಿ ಈ ತೀರ್ಪಿನ ಮುಖ್ಯ ಸಂಖ್ಯೆ 55 ಅಥವಾ 45 ಅಲ್ಲ, 2. ದಾವೆ ಹೂಡಿದ ಎರಡೇ ವರ್ಷದ ಆಸುಪಾಸಿನಲ್ಲಿ, ಮೂರು ನ್ಯಾಯಾಲಯಗಳನ್ನು ದಾಟಿ, ವಿವಾದ ಮುಗಿಯಿತು.

ಎರಡು ವರ್ಷ ಎಂಬುದು ಎಷ್ಟು ಕಡಿಮೆ ಎಂಬುದು ಕರ್ನಾಟಕದ್ದೇ ಇನ್ನೊಂದು ದಾವೆಯಿಂದ ಗೊತ್ತಾಗುತ್ತದೆ. ಅದು 2002ರಲ್ಲಿ ಹೂಡಿದ್ದು. ವಿಚಾರಣಾ ನ್ಯಾಯಾಲಯದ ತೀರ್ಪು 2007ರಲ್ಲಿ, ಹೈಕೋರ್ಟ್ ತೀರ್ಪು 2012ರಲ್ಲಿ, ಸುಪ್ರೀಂ ಕೋರ್ಟ್ ತೀರ್ಪು 2018ರ ಫೆಬ್ರವರಿ 1ರಂದು. ಅಂದರೆ 5, 5, ಮತ್ತೆ 6 ವರ್ಷ, ಒಟ್ಟು 16. ಇಬ್ಬರು ಹೆಣ್ಣುಮಕ್ಕಳಿಗೆ ಮೊದಲ ಎರಡು ನ್ಯಾಯಾಲಯಗಳಲ್ಲಿ ಸಿಕ್ಕ ಪಾಲು ಸೊನ್ನೆ, ಕೊನೆಯದರಲ್ಲಿ ತಲಾ ಐದನೇ ಒಂದು. 1956ಕ್ಕೆ ಮುಂಚೆ ಹುಟ್ಟಿದ ಹೆಣ್ಣುಮಕ್ಕಳಿಗೆ ಹಕ್ಕಿಲ್ಲ ಎಂಬ ವಾದ ಸರಿಯಲ್ಲ ಎನ್ನಲು 16 ವರ್ಷ ಬೇಕಾಯಿತು.

ಈ 16 ವರ್ಷದ ಖರ್ಚಿಗೆ ಒಂದು ಅಂದಾಜು ಕಟ್ಟಬಹುದು. ಬೆಂಗಳೂರಿನ ದಕ್ಷ್ ಸಂಸ್ಥೆ 2016ರಲ್ಲಿ ಪ್ರಕಟಿಸಿದ ನ್ಯಾಯ ಲಭ್ಯತೆ ಸಮೀಕ್ಷೆಯ ಪ್ರಕಾರ ಸಿವಿಲ್ ಕಕ್ಷಿದಾರನೊಬ್ಬ ಒಂದು ದಿನದ ಕೋರ್ಟ್ ಹಾಜರಿಗೆ ಸರಾಸರಿ 497 ರೂಪಾಯಿ ಖರ್ಚು ಮಾಡುತ್ತಾನೆ, ದುಡಿಮೆ ತಪ್ಪಿ 844 ರೂಪಾಯಿ ಕಳೆದುಕೊಳ್ಳುತ್ತಾನೆ. ಒಟ್ಟು 1,341 ರೂಪಾಯಿ, ಅದರಲ್ಲಿ ಶೇ 63ರಷ್ಟು ಕೈಗೆ ಬಾರದ ಕೂಲಿ ಅಥವಾ ಸಂಬಳ. ವರ್ಷಕ್ಕೆ ಆರು ವಾಯಿದೆ ಎಂದಿಟ್ಟುಕೊಳ್ಳೋಣ. ಇದು ನಾನು ಊಹಿಸಿಕೊಂಡ ಸಂಖ್ಯೆ, ಸಮೀಕ್ಷೆಯದಲ್ಲ. 16 ವರ್ಷಕ್ಕೆ 96 ವಾಯಿದೆ, ಒಬ್ಬ ಕಕ್ಷಿದಾರನಿಗೆ 1,28,736 ರೂಪಾಯಿ. ಐವರು ಪಾಲುದಾರರೂ ಪ್ರತಿ ವಾಯಿದೆಗೂ ಬಂದರೆ ಕುಟುಂಬಕ್ಕೆ 6,43,680 ರೂಪಾಯಿ. 2016ರ ಬೆಲೆಯನ್ನೇ ಇಟ್ಟುಕೊಂಡಿದ್ದೇನೆ, ವಕೀಲರ ಶುಲ್ಕವನ್ನು ಪ್ರತ್ಯೇಕವಾಗಿ ಸೇರಿಸಿಲ್ಲ.

ಕೋರ್ಟ್ ಶುಲ್ಕ 200 ರೂಪಾಯಿ, ಕೋರ್ಟಿಗೆ ಓಡಾಡುವ ಖರ್ಚು ಅದರ 600 ಪಟ್ಟಿಗೂ ಹೆಚ್ಚು. ಈ ಖರ್ಚು ಎಲ್ಲರ ಮೇಲೆ ಸಮನಾಗಿ ಬೀಳುವುದೂ ಇಲ್ಲ. ಆಸ್ತಿ ಯಾರ ಸ್ವಾಧೀನದಲ್ಲಿದೆಯೋ ಅವರು ಬೆಳೆ ಅಥವಾ ಬಾಡಿಗೆಯಿಂದ ವಾಯಿದೆಯ ಖರ್ಚು ತೂಗಿಸುತ್ತಾರೆ, ಉಳಿದವರು ಕೈಯಿಂದ ಹಾಕುತ್ತಾರೆ. ದಾವೆ ಬೇಗ ಮುಗಿದರೆ ಒಂದು ಕಡೆಗೆ ನಷ್ಟ, ನಿಧಾನವಾದರೆ ಇನ್ನೊಂದು ಕಡೆಗೆ.

ಸುಳ್ಳು ಅಥವಾ ಕಿರುಕುಳದ ದಾವೆಗೆ ದಂಡ ಎಷ್ಟು? ಸಿವಿಲ್ ಪ್ರಕ್ರಿಯಾ ಸಂಹಿತೆಯ 35ಎ ಕಲಮಿನಡಿ ಎದುರಾಳಿಗೆ ಕೊಡಿಸಬಹುದಾದ ಪರಿಹಾರದ ಮೇಲ್ಮಿತಿ 3,000 ರೂಪಾಯಿ. ಇದು 1976ರ ತಿದ್ದುಪಡಿಯಲ್ಲಿ ಬಂದ ಮೊತ್ತ. 2016ರ ಸಮೀಕ್ಷೆಯ ದರದಲ್ಲಿ ಈ ಹಣ ಒಬ್ಬ ಕಕ್ಷಿದಾರನ ಎರಡು ವಾಯಿದೆಗಳ ಖರ್ಚಿಗೆ ಸಾಕು, ಮೂರನೆಯದಕ್ಕೆ ಸಾಲದು. ಮುಂದೂಡಿಕೆಗೆ ಸಂಹಿತೆ ಹಾಕಿದ ಮಿತಿ ಒಬ್ಬ ಕಕ್ಷಿದಾರನಿಗೆ ಮೂರು. ಪ್ರತಿವಾದಪತ್ರಕ್ಕೆ 30 ದಿನ, ಹೆಚ್ಚೆಂದರೆ 90. ಈ ಸಂಖ್ಯೆಗಳನ್ನು ಯಾವುದಾದರೂ ತಾಲ್ಲೂಕು ನ್ಯಾಯಾಲಯದ ಆದೇಶ ಹಾಳೆಯ ಪಕ್ಕದಲ್ಲಿಟ್ಟು ಓದಿದವರಿಗೆ ಹೆಚ್ಚು ಹೇಳಬೇಕಿಲ್ಲ.

ಇನ್ನು ಮರುದಾವೆಯ ಲೆಕ್ಕ. ಒಮ್ಮೆ ತೀರ್ಮಾನವಾದ ವಿಷಯವನ್ನು ಅದೇ ಪಕ್ಷಗಳು ಮತ್ತೆ ಎತ್ತುವಂತಿಲ್ಲ ಎನ್ನುತ್ತದೆ ಸಂಹಿತೆಯ 11ನೇ ಕಲಮು. ಇದಕ್ಕೆ ಪೂರ್ವನ್ಯಾಯ ಎಂದು ಹೆಸರು. ಹಿಂದಿನ ದಾವೆಯಲ್ಲಿ ಎತ್ತಬಹುದಾಗಿದ್ದು ಎತ್ತದೆ ಬಿಟ್ಟ ವಾದಕ್ಕೂ ಇದು ಅನ್ವಯಿಸುತ್ತದೆ. ಆದೇಶ 2, ನಿಯಮ 2ರ ಪ್ರಕಾರ ಒಂದೇ ಕಾರಣದಿಂದ ಹುಟ್ಟಿದ ಬೇಡಿಕೆಯನ್ನು ಒಡೆದು ಎರಡು ದಾವೆ ಮಾಡುವಂತಿಲ್ಲ. ಕಾಗದದ ಮೇಲೆ ಬಾಗಿಲು ಮುಚ್ಚಿದೆ. ಪಾಲಿನ ದಾವೆಗೆ ಮಾತ್ರ ಮೂರು ಕಿಂಡಿಗಳಿವೆ.

ವಾದಿ ಬಾರದ ಕಾರಣ ದಾವೆ ವಜಾ ಆದರೆ ಅದೇ ಕಾರಣದ ಮೇಲೆ ಹೊಸ ದಾವೆ ಹೂಡುವಂತಿಲ್ಲ ಎಂಬುದು ಸಾಮಾನ್ಯ ನಿಯಮ, ಪುನಃಸ್ಥಾಪನೆಗೆ ಇರುವ ಸಮಯ 30 ದಿನ. ಪಾಲು ಕೇಳುವ ಹಕ್ಕು ಆಸ್ತಿ ಒಟ್ಟಾಗಿರುವವರೆಗೆ ದಿನವೂ ಮುಂದುವರಿಯುವ ಹಕ್ಕು ಎಂಬ ಕಾರಣಕ್ಕೆ ಪಾಲಿನ ದಾವೆ ಇದರಿಂದ ತಪ್ಪಿಸಿಕೊಳ್ಳುತ್ತದೆ, ಹೊಸ ದಾವೆ ನಡೆಯುತ್ತದೆ. ಎರಡನೆಯದು, ಬಿಟ್ಟುಹೋದ ಆಸ್ತಿ. ಒಂದು ಭಾಗದ ಆಸ್ತಿಗಷ್ಟೇ ಪಾಲು ಕೇಳುವ ದಾವೆ ನಿಲ್ಲುವುದಿಲ್ಲ ಎಂದು ಕರ್ನಾಟಕದ್ದೇ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1994ರಲ್ಲಿ ಹೇಳಿದೆ. ಆದ್ದರಿಂದ ವಾದಪತ್ರದ ಅನುಸೂಚಿಯಲ್ಲಿ ಒಂದು ಸರ್ವೆ ನಂಬರ್ ಬಿಟ್ಟರೂ ಆಕ್ಷೇಪ ಏಳುತ್ತದೆ, ಅದನ್ನೂ ಸೇರಿಸಿ ಮತ್ತೆ ದಾವೆ ಹೂಡಲು ದಾರಿಯಾಗುತ್ತದೆ. ಮೂರನೆಯದು ವಾದಪತ್ರದ ತಿರಸ್ಕಾರಕ್ಕೆ ಸಂಬಂಧಿಸಿದ್ದು. ಆದೇಶ 7, ನಿಯಮ 11ರಡಿ ವಾದಪತ್ರ ತಿರಸ್ಕೃತವಾದರೂ ನಿಯಮ 13ರಂತೆ ಹೊಸ ವಾದಪತ್ರ ಸಲ್ಲಿಸಲು ಅಡ್ಡಿಯಿಲ್ಲ. ಕಾಲಮಿತಿ ಮೀರಿದ್ದಕ್ಕೆ ತಿರಸ್ಕೃತವಾಗಿದ್ದರೆ ಹೊಸದೂ ಅದೇ ಗೋಡೆಗೆ ಬಡಿಯಬೇಕು, ಆದರೆ ಬಡಿಯಲು ಮತ್ತೊಂದು ದಾವೆ ಸಂಖ್ಯೆ, ಮತ್ತೊಂದು ಸಮನ್ಸ್, ಮತ್ತೆ 200 ರೂಪಾಯಿ.

ಕಾನೂನೇ ಬದಲಾದಾಗ ಲೆಕ್ಕ ಇನ್ನಷ್ಟು ಉದ್ದವಾಗುತ್ತದೆ. ಕರ್ನಾಟಕ ತನ್ನದೇ ತಿದ್ದುಪಡಿಯಿಂದ 1994ರ ಜುಲೈ 30ರಂದು ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಬರುವ ಸಮಪಾಲು ಕೊಟ್ಟಿತು, ಆ ದಿನಕ್ಕೆ ಮುಂಚೆ ಮದುವೆಯಾದವರನ್ನು ಹೊರಗಿಟ್ಟಿತು. 11 ವರ್ಷದ ನಂತರ, 2005ರ ಸೆಪ್ಟೆಂಬರ್ 9ರಂದು ಕೇಂದ್ರದ ತಿದ್ದುಪಡಿ ಆ ಷರತ್ತನ್ನು ತೆಗೆಯಿತು. 2015ರ ಅಕ್ಟೋಬರ್ 16ರಂದು ಸುಪ್ರೀಂ ಕೋರ್ಟ್, ತಿದ್ದುಪಡಿಯ ದಿನ ತಂದೆ ಬದುಕಿದ್ದರೆ ಮಾತ್ರ ಮಗಳಿಗೆ ಹಕ್ಕು ಎಂದಿತು. 2020ರ ಆಗಸ್ಟ್ 11ರಂದು ಮೂವರು ನ್ಯಾಯಮೂರ್ತಿಗಳ ಪೀಠ ಅದು ಸರಿಯಲ್ಲ, ತಂದೆ ಬದುಕಿರಬೇಕಿಲ್ಲ ಎಂದಿತು. 26 ವರ್ಷದಲ್ಲಿ ನಾಲ್ಕು ಉತ್ತರ.

2015ರ ತೀರ್ಪು ಬಂದದ್ದು ಬೆಳಗಾವಿಯಲ್ಲಿ 1992ರಲ್ಲಿ ಹೂಡಿದ ದಾವೆಯಲ್ಲಿ. ಮಗಳು ಕೇಳಿದ್ದು ಏಳನೇ ಒಂದು ಪಾಲು. ತಂದೆ 1988ರಲ್ಲಿ ತೀರಿಕೊಂಡಿದ್ದರಿಂದ ವಿಚಾರಣಾ ನ್ಯಾಯಾಲಯ ಹಳೆಯ ಲೆಕ್ಕ ಹಿಡಿದು ಕೆಲವು ಆಸ್ತಿಗಳಲ್ಲಿ 28ನೇ ಒಂದು ಎಂದಿತು. ದಾವೆ ನಡೆಯುತ್ತಿರುವಾಗಲೇ 2005ರ ತಿದ್ದುಪಡಿ ಬಂತು, ಹೈಕೋರ್ಟ್ ಏಳನೇ ಒಂದು ಎಂದಿತು. 23 ವರ್ಷದ ನಂತರ ಸುಪ್ರೀಂ ಕೋರ್ಟ್ ಅದನ್ನು ರದ್ದುಪಡಿಸಿ ಪ್ರಕರಣವನ್ನು ಮತ್ತೆ ಹೈಕೋರ್ಟಿಗೆ ಕಳಿಸಿತು. ಶೇಕಡಾವಾರು ಹೇಳುವುದಾದರೆ 3.57ರಿಂದ 14.29ಕ್ಕೆ ಏರಿ, ಮತ್ತೆ ಅನಿಶ್ಚಿತ.

ನೆಲದ ಅಳತೆಯಲ್ಲಿ ಈ ಭಿನ್ನರಾಶಿಗಳ ಅರ್ಥ ಹೀಗೆ. 2015–16ರ ಕೃಷಿ ಗಣತಿಯಲ್ಲಿ ಕರ್ನಾಟಕದ ಸರಾಸರಿ ಹಿಡುವಳಿ 1.36 ಹೆಕ್ಟೇರ್, ಅಂದರೆ ಸುಮಾರು 134 ಗುಂಟೆ. ಅದರ 28ನೇ ಒಂದು 4.8 ಗುಂಟೆ, ಏಳನೇ ಒಂದು 19.2 ಗುಂಟೆ. ನಡುವಿನ ವ್ಯತ್ಯಾಸ 14.4 ಗುಂಟೆ. ಇಪ್ಪತ್ತಮೂರು ವರ್ಷದ ವ್ಯಾಜ್ಯ ಸರಾಸರಿ ಹಿಡುವಳಿಯ ಕುಟುಂಬವೊಂದರಲ್ಲಿ ನಡೆದಿದ್ದರೆ ಅದರ ವಸ್ತು ಅರ್ಧ ಎಕರೆಗಿಂತ ಕಡಿಮೆ ನೆಲ.

ಅದೇ ಗಣತಿಯ ಇನ್ನೊಂದು ಹೋಲಿಕೆ: 2010–11ರಲ್ಲಿ ರಾಜ್ಯದ ಹಿಡುವಳಿಗಳು 78.32 ಲಕ್ಷ, ಐದು ವರ್ಷದ ನಂತರ 86.81 ಲಕ್ಷ, ಏರಿಕೆ ಶೇ 10.8. ಹಿಡುವಳಿಗಳ ಒಟ್ಟು ವಿಸ್ತೀರ್ಣ 121.61 ಲಕ್ಷ ಹೆಕ್ಟೇರ್‌ನಿಂದ 118.05 ಲಕ್ಷಕ್ಕೆ ಇಳಿದಿದೆ, ಇಳಿಕೆ ಶೇ 2.9. ಸರಾಸರಿ 1.55ರಿಂದ 1.36 ಹೆಕ್ಟೇರ್‌ಗೆ ಬಂತು. ಪಾಲು ಚಿಕ್ಕದಾಗುತ್ತಿದೆ, ಒಂದು ವಾಯಿದೆಯ ಖರ್ಚು ಪಾಲಿನ ಜೊತೆ ಚಿಕ್ಕದಾಗುವುದಿಲ್ಲ.

2020ರ ತೀರ್ಪಿಗೆ ಒಂದು ಗಡಿ ಇದೆ. 2004ರ ಡಿಸೆಂಬರ್ 20ಕ್ಕೆ ಮುಂಚೆ ನೋಂದಾಯಿತ ಪತ್ರದಿಂದ ಅಥವಾ ನ್ಯಾಯಾಲಯದ ಡಿಕ್ರಿಯಿಂದ ಆದ ಪಾಲುಗಳನ್ನು ಮತ್ತೆ ಬಿಚ್ಚುವಂತಿಲ್ಲ. ಬಾಯಿಮಾತಿನ ಪಾಲು ಎಂಬ ವಾದವನ್ನು ಸಾರ್ವಜನಿಕ ದಾಖಲೆಗಳ ಬೆಂಬಲವಿದ್ದಾಗ, ಅಪವಾದವಾಗಿ ಮಾತ್ರ ಒಪ್ಪಬೇಕು. ಹಳ್ಳಿಗಳಲ್ಲಿ ಹಿರಿಯರ ಮುಂದೆ ಬಿಳಿ ಹಾಳೆಯ ಮೇಲೆ ಬರೆದುಕೊಂಡ ಪಾಲುಪಟ್ಟಿಗಳು ಈ ಗಡಿಯ ಯಾವ ಕಡೆ ಬೀಳುತ್ತವೆ ಎಂಬುದೇ ಈಗಿನ ಬಹುಪಾಲು ವಿವಾದ ಎಂದು ನನ್ನ ಎಣಿಕೆ. ಬಾಕಿ ಇರುವ ಇಂಥ ಪ್ರಕರಣಗಳನ್ನು ಸಾಧ್ಯವಾದಷ್ಟು 6 ತಿಂಗಳಲ್ಲಿ ಮುಗಿಸಿ ಎಂದೂ ಆ ತೀರ್ಪು ಹೇಳಿತ್ತು.

ಅಪ್ರಾಪ್ತರ ಪಾಲಿನ ಗಡುವು ಬೇರೆ. ನ್ಯಾಯಾಲಯದ ಅನುಮತಿಯಿಲ್ಲದೆ ಪೋಷಕರು ಮಾರಿದ ಆಸ್ತಿಯನ್ನು ಪ್ರಶ್ನಿಸಲು ಮಗುವಿಗೆ 18 ತುಂಬಿದ ಮೇಲೆ 3 ವರ್ಷ ಸಿಗುತ್ತದೆ (ಅನುಚ್ಛೇದ 60). ಮಗು ಹುಟ್ಟಿದ ವರ್ಷದಲ್ಲೇ ಮಾರಾಟವಾಗಿದ್ದರೆ ಕೊಂಡವನ ಹಕ್ಕು 21 ವರ್ಷ ತೂಗಾಡುತ್ತದೆ. ದಾವಣಗೆರೆಯ ಶಾಮನೂರಿನಲ್ಲಿ 1971ರಲ್ಲಿ ಅಪ್ರಾಪ್ತ ಮಕ್ಕಳ ಹೆಸರಿನಲ್ಲಿ ಕೊಂಡ ನಿವೇಶನಗಳನ್ನು ತಂದೆ ಅನುಮತಿಯಿಲ್ಲದೆ ಮಾರಿದ್ದರು. ಮಕ್ಕಳು ವಯಸ್ಕರಾಗಿ 1993ರಲ್ಲಿ ಬೇರೊಬ್ಬರಿಗೆ ಮಾರಿದರು. ರದ್ದತಿಗೆ ದಾವೆ ಹೂಡಲೇಬೇಕೆಂದಿಲ್ಲ, ಹಾಗೆ ಮಾರಿದ್ದೇ ತಂದೆಯ ಮಾರಾಟವನ್ನು ತಳ್ಳಿಹಾಕಿದಂತೆ ಎಂದು ಸುಪ್ರೀಂ ಕೋರ್ಟ್ ಹೇಳಿದ್ದು 2025ರ ಅಕ್ಟೋಬರ್ 7ರಂದು. ಎರಡನೇ ಮಾರಾಟದಿಂದ 32 ವರ್ಷ, ಮೊದಲ ಕ್ರಯದಿಂದ 54. ಮೂರು ವರ್ಷದ ಗಡುವಿನ ಅರ್ಥ ಇತ್ಯರ್ಥವಾಗಲು ಅದರ ಹತ್ತು ಪಟ್ಟಿಗೂ ಹೆಚ್ಚು ಕಾಲ.

ದಾವೆ ಗೆದ್ದರೂ ಕೈಗೆ ಬರುವುದು ಮೊದಲು ಪ್ರಾಥಮಿಕ ಡಿಕ್ರಿ. ಯಾರಿಗೆ ಎಷ್ಟು ಪಾಲು ಎಂಬುದನ್ನು ಅದು ಹೇಳುತ್ತದೆ, ಯಾವ ಪಾಲು ಎಲ್ಲಿ ಎಂಬುದನ್ನು ಹೇಳುವುದಿಲ್ಲ. ಅಳತೆಯಾಗಿ, ಹದ್ದು ಗುರುತಾಗಿ ಅಂತಿಮ ಡಿಕ್ರಿ ಆಗಬೇಕು. ಮನೆ, ನಿವೇಶನವಾದರೆ ಕೋರ್ಟ್ ಕಮಿಷನರ್ ಬರುತ್ತಾರೆ. ಕಂದಾಯ ಜಮೀನಾದರೆ ಸಂಹಿತೆಯ 54ನೇ ಕಲಮಿನಂತೆ ಕೆಲಸ ಜಿಲ್ಲಾಧಿಕಾರಿಗೆ ಹೋಗುತ್ತದೆ, ಅಲ್ಲಿಂದ ತಹಶೀಲ್ದಾರ್, ಸರ್ವೆಯರ್. ಅಂತಿಮ ಡಿಕ್ರಿಗೆ ಅರ್ಜಿ ಹಾಕಲು ಕಾಲಮಿತಿ ಎಷ್ಟು? 137 ಅನುಚ್ಛೇದಗಳಲ್ಲಿ ಯಾವುದೂ ಇದಕ್ಕೆ ಅನ್ವಯಿಸುವುದಿಲ್ಲ. ಅಂತಿಮ ಡಿಕ್ರಿ ಆಗುವವರೆಗೆ ದಾವೆ ಬಾಕಿಯೇ ಇದೆ, ಆದ್ದರಿಂದ ಆ ಅರ್ಜಿ ಹೊಸದಲ್ಲ, ನೆನಪಿಸುವ ಅರ್ಜಿ ಎಂಬುದು ಸುಪ್ರೀಂ ಕೋರ್ಟಿನ 2009ರ ನಿಲುವು.

ಆ 2009ರ ಪ್ರಕರಣ ಬಿಹಾರದ್ದು. ದಾವೆ 1960ರಲ್ಲಿ, ಪ್ರಾಥಮಿಕ ಡಿಕ್ರಿ 1964ರಲ್ಲಿ, ಅಂತಿಮ ಡಿಕ್ರಿಗೆ ಅರ್ಜಿ 1987ರಲ್ಲಿ, ಅರ್ಜಿ ಕಾಲಮಿತಿಯೊಳಗಿದೆಯೇ ಎಂಬ ಪ್ರಶ್ನೆಗೆ ಉತ್ತರ 2009ರಲ್ಲಿ. ಪಾಲು ಎಷ್ಟೆಂದು ಹೇಳಲು ಬೇಕಾದದ್ದು 4 ವರ್ಷ. ನಂತರ ಯಾವ ಅರ್ಜಿಯೂ ಇಲ್ಲದೆ 23 ವರ್ಷ. ಅರ್ಜಿ ತಡವಾಯಿತೇ ಎಂಬ ಚರ್ಚೆಗೆ 22 ವರ್ಷ. 49 ವರ್ಷದಲ್ಲಿ ಹಕ್ಕಿನ ನಿರ್ಣಯಕ್ಕೆ ಹೋದದ್ದು ಶೇ 8. ಇದೊಂದು ವಿಪರೀತದ ಉದಾಹರಣೆ ಎನ್ನಬಹುದು, ಆದರೆ ಕೇರಳದಲ್ಲಿ 1985ರಲ್ಲಿ ಹೂಡಿದ ಪಾಲಿನ ದಾವೆಯೊಂದು 2022ರ ಜೂನ್ 13ರಂದು, 37 ವರ್ಷಕ್ಕೆ, ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಪ್ರಾಥಮಿಕ ಡಿಕ್ರಿಯಾದ ಮೇಲೆ ಪ್ರತ್ಯೇಕ ಅರ್ಜಿಗೆ ಕಾಯದೆ ವಿಚಾರಣಾ ನ್ಯಾಯಾಲಯವೇ ಅಂತಿಮ ಡಿಕ್ರಿಗೆ ದಿನ ಗೊತ್ತುಮಾಡಬೇಕು ಎಂಬ ನಿರ್ದೇಶನ ಬಂದದ್ದು ಅದರಲ್ಲೇ.

ಎರಡು ಡಿಕ್ರಿ ಎಂದರೆ ಎರಡು ಸರಣಿ ಮೇಲ್ಮನವಿ. ಜಿಲ್ಲಾ ನ್ಯಾಯಾಲಯಕ್ಕೆ 30 ದಿನ, ಹೈಕೋರ್ಟಿಗೆ ಎರಡನೇ ಮೇಲ್ಮನವಿ 90 ದಿನ, ಸುಪ್ರೀಂ ಕೋರ್ಟಿಗೆ ವಿಶೇಷ ಅನುಮತಿ ಅರ್ಜಿ 90 ದಿನ. ಒಂದು ಡಿಕ್ರಿಗೆ 210 ದಿನ, ಎರಡಕ್ಕೆ 420. ಇದು ಅರ್ಜಿ ಹಾಕುವ ಸಮಯ ಮಾತ್ರ, ವಿಚಾರಣೆಯದಲ್ಲ. ತಡವಾದರೆ ಕಾಲಮಿತಿ ಕಾಯ್ದೆಯ 5ನೇ ಕಲಮಿನಡಿ ಮನ್ನಾ ಕೇಳಬಹುದು. ಆ ಸೌಲಭ್ಯ ಮೇಲ್ಮನವಿಗೆ, ಅರ್ಜಿಗೆ ಇದೆ, ಮೂಲ ದಾವೆಗೆ ಇಲ್ಲ.

ಇಷ್ಟು ವರ್ಷಗಳಲ್ಲಿ ಕಕ್ಷಿದಾರರು ಸಾಯುತ್ತಾರೆ. ಸತ್ತವರ ವಾರಸುದಾರರನ್ನು ದಾಖಲಿಸಲು 90 ದಿನ, ತಪ್ಪಿದರೆ ದಾವೆ ಅವರ ಮಟ್ಟಿಗೆ ಬಿದ್ದುಹೋಗುತ್ತದೆ, ಅದನ್ನು ಎಬ್ಬಿಸಲು ಇನ್ನು 60 ದಿನ. ನಾಲ್ವರು ಒಡಹುಟ್ಟಿದವರ ದಾವೆಯಲ್ಲಿ ಒಬ್ಬರು ತೀರಿಕೊಂಡು ಹೆಂಡತಿ ಮತ್ತು ಮೂವರು ಮಕ್ಕಳು ಬಂದರೆ ಕಕ್ಷಿದಾರರು 4ರಿಂದ 7ಕ್ಕೆ ಏರುತ್ತಾರೆ. ನಾಲ್ವರೂ ತೀರಿಕೊಂಡು ಎಲ್ಲರಿಗೂ ಅಷ್ಟೇ ವಾರಸುದಾರರಿದ್ದರೆ 16. ಅವರಲ್ಲಿ ಒಬ್ಬರ ವಿಳಾಸ ಸಿಗದಿದ್ದರೂ ಸಮನ್ಸ್ ಹಿಂದಿರುಗುತ್ತದೆ. ಪ್ರಾಥಮಿಕ ಮತ್ತು ಅಂತಿಮ ಡಿಕ್ರಿಗಳ ನಡುವೆ ಸಾವು ಸಂಭವಿಸಿದರೆ, ಅಥವಾ 2005ರಂತೆ ಕಾನೂನು ಬದಲಾದರೆ, ಪಾಲುಗಳನ್ನು ಮತ್ತೆ ಲೆಕ್ಕಹಾಕಿ ಎರಡನೇ ಪ್ರಾಥಮಿಕ ಡಿಕ್ರಿ ಮಾಡಲು ಅವಕಾಶವಿದೆ. 1967ರಿಂದಲೂ ಇದು ಸುಪ್ರೀಂ ಕೋರ್ಟ್ ಒಪ್ಪಿದ ಕ್ರಮ.

ರಾಜಿಯಾದರೆ ಲೆಕ್ಕ ಬದಲಾಗುತ್ತದೆ. ಒಪ್ಪಿಗೆಯ ಡಿಕ್ರಿಯ ಮೇಲೆ ಮೇಲ್ಮನವಿ ಇಲ್ಲ, ಅದನ್ನು ರದ್ದುಪಡಿಸಲು ಪ್ರತ್ಯೇಕ ದಾವೆಯೂ ಇಲ್ಲ. ಲೋಕ ಅದಾಲತ್‌ನ ತೀರ್ಪಿಗೂ ಮೇಲ್ಮನವಿ ಇಲ್ಲ. 420 ದಿನ ಸೊನ್ನೆಯಾಗುತ್ತದೆ. ಬೆಂಗಳೂರಿನ ಮಧ್ಯಸ್ಥಿಕೆ ಕೇಂದ್ರ 2007ರ ಜನವರಿ 1ರಿಂದ ನಡೆಯುತ್ತಿದೆ. ಆದರೆ ರಾಜಿಗೆ ಎಲ್ಲ ಪಾಲುದಾರರ ಸಹಿ ಬೇಕು, ಸ್ವಾಧೀನದಲ್ಲಿರುವವರಿಗೆ ಸಹಿ ಹಾಕುವ ಅವಸರ ಕಡಿಮೆ.

ಅಂತಿಮ ಡಿಕ್ರಿಯ ನಂತರ ಅಮಲ್ಜಾರಿ, ಅದಕ್ಕೆ 12 ವರ್ಷ (ಅನುಚ್ಛೇದ 136). ಇಲ್ಲಿ ಎಣಿಕೆಯ ಆರಂಭ ಖಚಿತವಾಗಿದೆ: ಡಿಕ್ರಿಯ ದಿನ. ಡಿಕ್ರಿಯನ್ನು ಛಾಪಾ ಕಾಗದದ ಮೇಲೆ ಬರೆಸದಿದ್ದರೂ ಗಡಿಯಾರ ಓಡುತ್ತದೆ ಎಂದು 2005ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಹೇಳಿದೆ. ಪಾಲು ಕೇಳುವವನಿಗೆ ಹಿಗ್ಗುವ 12 ವರ್ಷ, ಪಾಲು ಗೆದ್ದವನಿಗೆ ಹಿಗ್ಗದ 12 ವರ್ಷ.

ಅಮಲ್ಜಾರಿ ಎಷ್ಟು ದಿನದಲ್ಲಿ ಮುಗಿಯಬೇಕು? ಬೆಂಗಳೂರಿನ ಮೈಸೂರು ರಸ್ತೆಯ ಜಮೀನೊಂದರ ಮೇಲೆ 1987ರಿಂದ ಸುತ್ತು ಸುತ್ತಾಗಿ ನಡೆದ ವ್ಯಾಜ್ಯದಲ್ಲಿ, 2021ರ ಏಪ್ರಿಲ್ 22ರಂದು ಸುಪ್ರೀಂ ಕೋರ್ಟ್ ಕೊಟ್ಟ ಉತ್ತರ 6 ತಿಂಗಳು. 2025ರ ಮಾರ್ಚ್ 6ರಂದು, ತಮಿಳುನಾಡಿನ 1986ರ ದಾವೆಯೊಂದರ ಅಮಲ್ಜಾರಿಯನ್ನು ತೀರ್ಮಾನಿಸುವಾಗ, ಬಾಕಿ ಅರ್ಜಿಗಳ ಲೆಕ್ಕ ಕೊಡಿ ಎಂದು ಅದೇ ನ್ಯಾಯಾಲಯ ಎಲ್ಲ ಹೈಕೋರ್ಟುಗಳನ್ನು ಕೇಳಿತು. ಅಕ್ಟೋಬರ್ 16ರ ಆದೇಶದಲ್ಲಿ ಬಂದ ಉತ್ತರ: ದೇಶದಲ್ಲಿ ಬಾಕಿ 8,82,578 ಅಮಲ್ಜಾರಿ ಅರ್ಜಿಗಳು. ಇದರಲ್ಲಿ ಎಲ್ಲ ಬಗೆಯ ಸಿವಿಲ್ ಡಿಕ್ರಿಗಳೂ ಸೇರಿವೆ. ಮಹಾರಾಷ್ಟ್ರ 3.41 ಲಕ್ಷ, ಒಟ್ಟಿನ ಶೇ 38ಕ್ಕೂ ಹೆಚ್ಚು. ತಮಿಳುನಾಡು 86,148, ಕೇರಳ 82,997.

ಹಿಂದಿನ ಆರು ತಿಂಗಳಲ್ಲಿ ವಿಲೇವಾರಿಯಾದದ್ದು 3,38,685. ಹೊಸ ಅರ್ಜಿ ಒಂದೂ ಬಾರದೆ ಇದೇ ವೇಗದಲ್ಲಿ ನಡೆದರೆ ಉಳಿದದ್ದು ಮುಗಿಯಲು ಸುಮಾರು ಹದಿನೈದೂವರೆ ತಿಂಗಳು ಬೇಕು, ಆರು ತಿಂಗಳ ಗಡುವಿನ ಎರಡೂವರೆ ಪಟ್ಟು. ಕರ್ನಾಟಕಕ್ಕೆ ಈ ಭಾಗಾಕಾರ ಮಾಡಲು ಬರುವುದಿಲ್ಲ. ಆದೇಶದ ದಿನಕ್ಕೆ ಕರ್ನಾಟಕ ಹೈಕೋರ್ಟ್ ಅಂಕಿಗಳನ್ನು ಸಲ್ಲಿಸಿರಲಿಲ್ಲ, ಏಕೆಂದು ತಿಳಿಸಲು ಅದರ ರಿಜಿಸ್ಟ್ರಾರ್ ಜನರಲ್‌ಗೆ ಸುಪ್ರೀಂ ಕೋರ್ಟ್ ಕೊಟ್ಟ ಸಮಯ ಎರಡು ವಾರ.